ಮಾಣಿಕಮ್ಮನ ಮಾತು ಕಳುವಾಯಿತು

"ಖಾಲಾ, ನನ್ನ ಕ್ಯಾಮೆರಾದ ಕಾರ್ಡ್ ಕಳುವಾಗ್ಯಾದ್ರಿ!"

ಪ್ರೀತಿಯ ಕೂಗಿಗೆ ಖುರ್ಷಿದಬೇಗಂ ಚಹಾದ ಕಪ್ಪು ಕೆಳಗಿಟ್ಟರು. ಪೊಲೀಸ್ ಖಾತೆಯಿಂದ ನಿವೃತ್ತರಾಗಿ ಶಹಾಬಾದಿನಲ್ಲಿ ನೆಲೆಸಿದ ಮೇಲೆ ಅವರ ಕೈಗೆ ಒಂದೇ ಒಂದು ಕಳವೂ ಸಿಕ್ಕಿರಲಿಲ್ಲ. ಪಾಪ, ಹುಡುಗಿ ಅಳುತ್ತಿದ್ದಾಳೆ. ಇವರ ಮುಖದಲ್ಲಿ ಮಾತ್ರ ಹಬ್ಬದ ಕಳೆ!

ಅವರ ಮನೆಯಲ್ಲಿ ಬಾಡಿಗೆಗಿದ್ದ ಪ್ರೀತಿ ಸಾಕ್ಷ್ಯಚಿತ್ರ ತೆಗೆಯುವವಳು. ಮನೆಯೊಳಗೆ ಹೆಂಗಸಿನ ಮಾತು ಯಾರು ಕೇಳುತ್ತಾರೆ?—ಇದು ಈ ಸಲದ ಪ್ರಶ್ನೆ. ನಾಡಿದ್ದು ಓಣಿಯವರಿಗೆಲ್ಲ ತೋರಿಸಬೇಕು. ಎದುರುಮನೆಯ ಮಾಣಿಕಮ್ಮನ ಮಾತೇ ಚಿತ್ರದ ಜೀವ. ನಿನ್ನೆ ತೆಗೆದದ್ದು, ಕರೆಂಟಿಲ್ಲದೆ ಇನ್ನೊಂದು ಪ್ರತಿ ಮಾಡಿರಲಿಲ್ಲ. ಅದು ಹೋದರೆ ತಿಂಗಳುಗಟ್ಟಲೆ ದುಡಿದದ್ದೆಲ್ಲ ಮಣ್ಣುಪಾಲು.

"ಏನಂದಿದ್ಲು ಅಕಿ?"

"ಲಗ್ನ ಆದಾಗಿಂದ ಗಂಡ ಒಮ್ಮೆನೂ ಅಡಗಿ ಚಂದ ಆಗ್ಯಾದ ಅಂದಿಲ್ಲಂತ. ಅಕಿ ಗಂಡ ಜಟ್ಟೆಪ್ಪ ಕಾಕಾನೇ ಒಯ್ದಾರ್ರಿ! ಮುಂಜಾನೆ ಇಬ್ಬರೂ ಮೀನ ಕೊಡಾಕ ಬಂದಿದ್ರು."

"ಚೀಲದಾಗ ಉಳಿದ ಕಾರ್ಡ್?"

"ಎಲ್ಲಾ ಅವ. ನೋಡಾಕ ಒಂದೇ ಥರ. ಅದಕ್ಕೊಂದಕ್ಕೇ ಹಸರ ಚೀಟಿ ಹಚ್ಚಿದ್ದೆ."

ಖುರ್ಷಿದಬೇಗಂ ಗಂಡಹೆಂಡಿರನ್ನು ಕರೆಸಿದರು.

"ಜಟ್ಟೆಪ್ಪಾ, ನಿನ್ನೆ ನಿನ್ನ ಹೆಂಡತಿ ಏನಂದಾಳ, ಗೊತ್ತದ?"

"ನನಗೇನ್ ಗೊತ್ತರಿ? ಈ ತಂಗಿ ನನ್ನ ಹೊರಗ ಕಳಿಸಿ ಬಾಗಿಲಾ ಹಾಕ್ಯಾಳ!"

ಖುರ್ಷಿದಬೇಗಂ ನಕ್ಕೇಬಿಟ್ಟರು.

"ಕೇಳಿದೇನು ಪ್ರೀತಿ? ಹೆಂಗಸರು ಮಾತಾಡುವಾಗ ಗಂಡಸರು ಹೊರಗ—ನೇಮ ನಿಂದೇ. ಅದನ್ನೇ ಮರತಿ! ಒಳಗ ಏನಂದಾಳ ಗೊತ್ತಿಲ್ಲದಾಂವ ಯಾಕ ಕದೀತಾನ? ಅಷ್ಟರಾಗ ಅದೊಂದನ್ನೇ ಹೆಂಗ ಆರಿಸ್ತಾನ? ನೀ ಹಸರ ಚೀಟಿ ಹಚ್ಚುವಾಗ ಮುಂದ ಕುಂತಾಕಿ ಒಬ್ಬಾಕಿನೇ. ಹೌದಿಲ್ಲ, ಮಾಣಿಕಮ್ಮಾ?"

ಮಾಣಿಕಮ್ಮ ಸೆರಗಿನ ಗಂಟು ಬಿಚ್ಚಿದಳು. ಕಾರ್ಡು ಅಲ್ಲಿತ್ತು; ತೆಗೆದು ಪ್ರೀತಿಗೆ ಕೊಟ್ಟಳು.

"ಮಾತಾಡಿ ಮನಿಗ್ ಹೋದ್ರ, ನಾ ದಣದೀನಂತ ಈ ಮನುಷ್ಯಾ ತಾನೇ ಮೀನಸಾರು ಮಾಡಿಟ್ಟು ಕುಂತಾನ! ಇಂಥಾಂವನ್ನ ನೋಡಿ ಓಣಿ ನಗಬೇಕೇನು? ತೋರಸಬ್ಯಾಡ ಅನ್ನಾಕ ಬಾಯಿ ಬರ್ಲಿಲ್ಲ, ತಂಗಿ. ನೀ ಭಾಳ ಕಷ್ಟಪಟ್ಟಿದ್ದಿ."

ಪ್ರೀತಿಗೆ ನಾಚಿಕೆಯಾಯಿತು. ಮಾತಾಡಿಸುವ ಮುಂಚೆ ಎಲ್ಲರ ಒಪ್ಪಿಗೆ ಕೇಳಿದ್ದಳು. ಮಾತಾಡಿದ ಮೇಲೆ ಯಾರನ್ನೂ ಕೇಳಿರಲಿಲ್ಲ. ಕಾರ್ಡನ್ನು ತಿರುಗಿ ಮಾಣಿಕಮ್ಮನ ಅಂಗೈಯಲ್ಲೇ ಇಟ್ಟಳು.

"ಮಾತು ನಿಮ್ದು, ಮಾಣಿಕಮ್ಮ ಕಾಕು. ಬ್ಯಾಡಂದ್ರ ಬ್ಯಾಡ."

"ಅಕಿ ಏನಂದಾಳ, ಯಾರರೆ ಹೇಳ್ರಿ!" ಜಟ್ಟೆಪ್ಪ ಅಂಗಲಾಚಿದ.

ಮಾಣಿಕಮ್ಮ ಅವನ ಮುಖ ನೋಡಿಯೇ ಹೇಳಿದಳು. ಜಟ್ಟೆಪ್ಪ ತಲೆ ಕೆರೆದುಕೊಂಡ.

"ಖರೇ ಅದ. ತೋರ್ಸ್ರಿ ಎಲ್ಲರಿಗೂ. ಆದ್ರ ನಿನ್ನೆ ನನ್ನ ಸಾರು ಹೆಂಗಿತ್ತಂತ ನೀನರೆ ಎಲ್ಲಿ ಅಂದಿ?"

"ಉಪ್ಪು ಹೆಚ್ಚಾಗಿತ್ತು," ಎಂದಳು ಮಾಣಿಕಮ್ಮ, ನಗು ತಡೆಯಲಾರದೆ. "ಪ್ರೀತಿ, ಕ್ಯಾಮೆರಾ ತಾ. ಇದನ್ನೂ ಹೇಳ್ತೀನಿ. ಈ ಸಲ ಇಂವ ಹೊರಗ ಬ್ಯಾಡ, ನನ್ನ ಮಗ್ಗಲಿಗೇ ಕುಂದ್ರಲಿ."