ಗುರುವಾರದ ಕೆಂಪು ದಾರ

ಗುರುವಾರ ಬೆಳಿಗ್ಗೆ ಒಂಬತ್ತೂವರೆಗೆ ಡ್ರೈಕ್ಲೀನಿಂಗ್ ಅಂಗಡಿಯ ಮಾಲೀಕ ಠಾಣೆಗೆ ಬಂದು ದೂರು ಕೊಟ್ಟ. ಸೋಮವಾರ ಕೆಲಸಕ್ಕೆಂದು ಹೊರಟ ತಂಗಿ ಮನೆಗೆ ಮರಳಿಲ್ಲ, ಲಿಫ್ಟ್ ರಿಪೇರಿಯವನೊಬ್ಬ ಅವಳನ್ನು ಅಪಹರಿಸಿದ್ದಾನೆ ಎಂಬುದು ಸಾರಾಂಶ. ತಂಗಿಗೆ ವಯಸ್ಸು ಇಪ್ಪತ್ತಾರು, ಕಣ್ಣಿನ ಆಸ್ಪತ್ರೆಯಲ್ಲಿ ನರ್ಸ್. ಹೊರಟಾಗ ತೊಟ್ಟಿದ್ದು ಗಿಳಿಹಸಿರು ಚೂಡಿದಾರ್, ಕತ್ತಿನ ಸುತ್ತ ಬಿಳಿ ಕಸೂತಿ. ಇನ್‌ಸ್ಪೆಕ್ಟರ್ ಎಫ್‌ಐಆರ್ ದಾಖಲಿಸಿಕೊಂಡಳು. ಇಷ್ಟು ದಿನ ಸುಮ್ಮನಿದ್ದು ಈಗೇಕೆ ಬಂದಿರಿ ಎಂದರೆ, ಮನೆ ಮರ್ಯಾದೆ ಪ್ರಶ್ನೆ ಎಂದ. ಈ ಮರ್ಯಾದೆ ಯಾವಾಗಲೂ ಹೆಣ್ಣಿನ ಸೆರಗಿಗೇ ಯಾಕೆ ಗಂಟುಬಿದ್ದಿರುತ್ತದೋ, ಹನ್ನೆರಡು ವರ್ಷದ ಸರ್ವೀಸಿನಲ್ಲೂ ಅವಳಿಗೆ ಅರ್ಥವಾಗಿರಲಿಲ್ಲ.

ಲಿಫ್ಟ್ ಮೆಕ್ಯಾನಿಕ್ ಕೆಲಸದ ಜಾಗದಲ್ಲೇ ಸಿಕ್ಕ. ಕೈಯೆಲ್ಲ ಗ್ರೀಸು, ನಿದ್ದೆಗೆಟ್ಟ ಮುಖ. ಸೋಮವಾರ ನೋಂದಣಿ ಕಚೇರಿಯಲ್ಲಿ ಅವರ ಮದುವೆ ಇತ್ತಂತೆ. ಬಾಗಿಲು ಮುಚ್ಚುವವರೆಗೂ ಕಾದಿದ್ದ. ಅಂಗಡಿಗೆ ಹೋಗಿ ಕೇಳಿದ್ದಕ್ಕೆ ಅವಳ ಅಣ್ಣ ಕತ್ತು ಹಿಡಿದು ದಬ್ಬಿದ್ದ. ಠಾಣೆಗೆ ಬಂದರೆ ತನ್ನನ್ನೇ ಒಳಗೆ ಹಾಕುತ್ತಾರೆಂಬ ಹೆದರಿಕೆ ಬೇರೆ.

"ಅವಳ ಮನಸ್ಸು ಬದಲಾಗಿರಬಹುದಲ್ಲ?"

"ಬದಲಾಗಿದ್ರೆ ಮುಖಕ್ಕೆ ಹೊಡೆದ ಹಾಗೆ ಹೇಳ್ತಿದ್ಲು ಮೇಡಂ. ಬಚ್ಚಿಟ್ಟುಕೊಳ್ಳೋ ಪೈಕಿ ಅಲ್ಲ ಅವಳು."

ಮಧ್ಯಾಹ್ನ ಇನ್‌ಸ್ಪೆಕ್ಟರ್ ಮೀಸೆ ಎಂದೇ ಠಾಣೆಯವರು ಕರೆಯುವ ಹೆಡ್ ಕಾನ್‌ಸ್ಟೇಬಲ್‌ನನ್ನು ಕರೆದುಕೊಂಡು ಅಂಗಡಿಗೆ ಹೋದಳು. ಠಾಣೆಯವರ ಸಮವಸ್ತ್ರಗಳೆಲ್ಲ ಒಗೆಯುವುದು ಅಲ್ಲೇ. ಒಮ್ಮೆ ಮೀಸೆಯ ಪ್ಯಾಂಟು ಬೇರೆ ದಿನದ ಬಟ್ಟೆಗಳಲ್ಲಿ ಬೆರೆತು ಇನ್ಯಾರದೋ ಸೊಂಟ ಸೇರಿ ದೊಡ್ಡ ರಂಪವಾದ ಮೇಲೆ, ಒಗೆದ ದಿನಕ್ಕೊಂದು ಬಣ್ಣದ ದಾರ ಕಟ್ಟುವ ಪದ್ಧತಿ ಬಂದಿತ್ತು. ಸೋಮವಾರ ಬಿಳಿ, ಗುರುವಾರ ಕೆಂಪು. ಮಾಲೀಕ ಶುಚಿಯ ಹುಚ್ಚಿನವನು. ಕೊಳೆ ಬಟ್ಟೆ ಕಣ್ಣಿಗೆ ಬಿದ್ದರೆ ಅವನಿಗೆ ಊಟ ಸೇರುತ್ತಿರಲಿಲ್ಲ.

ಇಸ್ತ್ರಿಯಾಗಿ ತೂಗುಬಿದ್ದ ಬಟ್ಟೆಗಳ ಸಾಲಿನಲ್ಲಿ ಗಿಳಿಹಸಿರು ಚೂಡಿದಾರ್ ಇತ್ತು. ಬಿಳಿ ಕಸೂತಿ, ಗುಂಡಿಗೆ ಕೆಂಪು ದಾರ. ಸೋಮವಾರ ಅಪಹರಣವಾದವಳ ಬಟ್ಟೆಯನ್ನು ಇವತ್ತು ಒಗೆದಿದ್ದಾನೆ.

"ಯಾರದು ಇದು?"

"ಗಿರಾಕಿದು."

"ಯಾವ ಗಿರಾಕಿ?"

ಮಾಲೀಕ ಕೌಂಟರ್ ಒರೆಸತೊಡಗಿ, "ಮೇಲಿನ ಕೋಣೇಲಿ ಏನೂ ಇಲ್ಲ ಮೇಡಂ, ಬರೀ ಹಳೇ ಬಟ್ಟೆ" ಎಂದ. ಮೇಲಿನ ಕೋಣೆಯ ಸುದ್ದಿಯನ್ನು ಯಾರೂ ಎತ್ತಿರಲಿಲ್ಲ. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ ಎಂದು ಮೀಸೆ ಗೊಣಗಿ ಮೆಟ್ಟಿಲು ಹತ್ತಿದ.

ಗಿರಾಕಿಗಳು ಒಯ್ಯದೆ ಬಿಟ್ಟ ಬಟ್ಟೆಗಳ ಕೋಣೆ ಅದು. ಬೀಗ ತೆಗೆಸಿದಾಗ, ಯಾರೋ ಬಿಟ್ಟುಹೋದ ಸೀರೆ ಉಟ್ಟಿದ್ದ ತಂಗಿ ಎದ್ದು ನಿಂತಳು. ಅಳಲಿಲ್ಲ.

"ನಿಮ್ಮಿಷ್ಟದಿಂದ ಇಲ್ಲಿದ್ರಾ?" ಇನ್‌ಸ್ಪೆಕ್ಟರ್ ಕೇಳಿದಳು.

"ಬೀಗ ಹೊರಗಡೆ ಇತ್ತಲ್ಲ ಮೇಡಂ. ದಿನಾ ಬಾಗಿಲ ಹತ್ರ ಬಂದು, ಅವನನ್ನ ಬಿಡ್ತೀಯಾ ಅಂತ ಕೇಳ್ತಿದ್ದ. ದಿನಾ ಆಗಲ್ಲ ಅಂದೆ. ಇನ್ನೊಂದು ವರ್ಷ ಕೇಳಿದ್ರೂ ಅದೇ."

"ಇದು ಮನೆ ವಿಷಯ," ಎಂದ ಅಣ್ಣ.

"ಠಾಣೆಗೆ ತಂದಿದ್ದು ನೀವೇ ಅಲ್ವಾ? ಅವರಿಗೆ ಇಪ್ಪತ್ತಾರು. ಯಾರನ್ನ ಮದುವೆ ಆಗ್ಬೇಕು ಅನ್ನೋದಕ್ಕೆ ನಿಮ್ಮ ಒಪ್ಪಿಗೆಯನ್ನ ಕಾನೂನು ಕೇಳಲ್ಲ."

ಪಂಚನಾಮೆ ಮುಗಿಯಿತು. ಚೂಡಿದಾರ್, ಬೀಗ, ಬೀಗದ ಕೈ ಜಪ್ತಿಯಾದವು. ಅಕ್ರಮವಾಗಿ ಕೂಡಿಹಾಕಿದ್ದಕ್ಕೆ, ಸುಳ್ಳು ದೂರು ಕೊಟ್ಟಿದ್ದಕ್ಕೆ ಮೂರೂವರೆಗೆ ಅಣ್ಣನನ್ನು ಬಂಧಿಸಲಾಯಿತು.

ಠಾಣೆಯಲ್ಲಿ ಅವನು ತಾನಾಗಿಯೇ ಬಾಯಿ ಬಿಟ್ಟ. ತಂಗಿ ಬಗ್ಗದಿದ್ದಾಗ, ಮೆಕ್ಯಾನಿಕ್ ಜೈಲು ಸೇರಿದರಾದರೂ ಮೆತ್ತಗಾಗುತ್ತಾಳೆಂದು ದೂರು ಕೊಟ್ಟಿದ್ದ. ಪ್ರಾಯದಲ್ಲಿ ಅವನಿಗೂ ಒಬ್ಬಳ ಮೇಲೆ ಮನಸ್ಸಿತ್ತು. ಅಪ್ಪ ಬೇಡ ಎಂದ. ಇವನು ತಲೆ ಬಾಗಿಸಿದ. ಅಪ್ಪ ತೀರಿಹೋದ ಮೇಲೆ ತಂಗಿಯನ್ನು ಸಾಕಿದ್ದು ಇವನೇ. ಸಾಕಿದ್ದಂತೂ ಪ್ರೀತಿಯಿಂದಲೇ, ಅದರಲ್ಲಿ ಸುಳ್ಳಿರಲಿಲ್ಲ.

"ಅವಳು ಅವಳಿಷ್ಟದಂತೆ ಮದುವೆ ಆದ್ರೆ, ಅವತ್ತು ನಾನು ಯಾಕೆ ಬಿಟ್ಟುಕೊಟ್ಟೆ ಮೇಡಂ?"

ಹೇಳಿಕೆಗೆ ಸಹಿ ಹಾಕಿ ಹೊರಟಿದ್ದ ತಂಗಿಗೆ ಅದು ಕೇಳಿಸಿತು. ಹೊರಗೆ ಮೆಕ್ಯಾನಿಕ್ ಕಾಯುತ್ತಿದ್ದ. ನೋಂದಣಿ ಕಚೇರಿ ಇನ್ನೂ ತೆರೆದಿತ್ತು. ಅವಳು ತಿರುಗಿ ಅಣ್ಣನ ಮುಂದೆ ಬಂದು ನಿಂತಳು.

"ಅವತ್ತು ನೀನು ಅಪ್ಪನಿಗೆ ಆಗಲ್ಲ ಅಂತ ಹೇಳಬೇಕಿತ್ತು ಅಣ್ಣ," ಎಂದಳು. "ದಿನಾ ಬಾಗಿಲಾಚೆ ನಿಂತು ನನ್ನ ಹತ್ರ ಹೇಳಿಸಿಕೊಂಡಿದ್ದು ಆ ಮಾತನ್ನೇ."