ಪಾತಾಳದ ಭಾಷೆ

"ಗುಳ್ಳಪು ಲೊಟಕ! ತಿರ್ರೀ ಬಸಬಸಾ!"

ಲಕ್ಷ್ಮೇಶ್ವರದ ಹೆಣ್ಣುಮಕ್ಕಳ ಶಾಲೆಗೆ ಹೊಸದಾಗಿ ಶಿಕ್ಷಕಿಯಾಗಿ ಬಂದ ವಿಮಲಾಬಾಯಿ, ಬಾಡಿಗೆ ಕೋಣೆ ಹಿಡಿದ ಮನೆಯ ಹೊಸ್ತಿಲಲ್ಲೇ ನಿಂತುಬಿಟ್ಟಳು. ಅರಚಿದವನು ಮನೆಯ ಯಜಮಾನ ಮಾರ್ತಾಂಡರಾಯರ ಮಗ ಶ್ರೀಪಾದ. ಅವಳನ್ನು ನೋಡಿ, ಒಳಗೆ ಮುಖ ಮಾಡಿ ಅರಚಿದ್ದ. ಒಳಗಿನಿಂದ ಕಿಸಕ್ಕನೆ ನಗು!

"ಇದ್ಯಾವ ಭಾಷಾನ್ರಿ?"

"ಪಾತಾಳದ್ದು. ಸೋಮವಾರ ನೀರಂದ್ರ ನೀರು, ಮಂಗಳವಾರ ನೀರಂದ್ರ ಬೆಂಕಿ. ಯಾರಿಗೂ ತಿಳೀಬಾರದಂತ ಮಾಡಿದ್ದು!"

"ಕಫ ಕ್ಯಾಕರಿಸಿಧಂಗ ಕೇಳಸ್ತದ," ಎಂದು ಅವಳು ಮುಖ ಕಿವುಚಿದಳು.

ಬಾಂಗ್ಲಾ ಯುದ್ಧ ಮುಗಿದ ಮರುವರ್ಷದ ಮಾತಿದು. ದಿನಾ ಪಡಸಾಲೆಯಲ್ಲಿ ಅದೇ ಹೊಲಸು ಮಾತು, ಅದೇ ನಗು. 'ನನ್ನನ್ನೇ ಆಡಿಕೊಳ್ತಾರ…' ಖರೆ ಹೇಳಬೇಕೆಂದರೆ ಶ್ರೀಪಾದನ ಕಣ್ಣುಗಳು ಅವಳಿಗೆ ಹಿಡಿಸಿದ್ದವು. ಅದಕ್ಕೇ ಅಸಹ್ಯ ಇಮ್ಮಡಿಯಾಗುತ್ತಿತ್ತು.

ಅಷ್ಟರಲ್ಲಿ ರಾಯರು ಗದಗಕ್ಕೆ ಹೋಗಿ ಅವಳ ತಂದೆಯ ಹತ್ತಿರ ಮಗನ ಸಂಬಂಧದ ಮಾತೆತ್ತಿದರು. ತಂದೆಗೆ ಸಂತೋಷ. ಗುರುವಾರ ಸಂಜೆ ಅವಳೇ ರಾಯರಿಗೆ ತನ್ನ ಮನಸ್ಸು ಹೇಳಬೇಕೆಂದು ಆಯಿತು.

ಆ ಗುರುವಾರ ಶಾಲೆಯಿಂದ ಬರುವಾಗ ಶ್ರೀಪಾದ ಕಾಗದದ ಪೊಟ್ಟಣ ಹಿಡಿದು ದನದ ಕೊಟ್ಟಿಗೆಗೆ ನುಸುಳಿದ್ದನ್ನು ಕಂಡಳು. ಒಳಗೆ ಪಿಸುಮಾತು… ಹೆಣ್ಣಿನ ನಗು!

'ಇಶ್ಶೀ! ನನ್ನನ್ನ ಕೇಳಿ ಕಳಿಸಿ, ಇಲ್ಲಿ ಇನ್ನೊಬ್ಬಾಕಿ ಜೋಡಿ!'

ಸರಕ್ಕನೆ ತಟ್ಟಿನ ಪರದೆ ಎಳೆದಳು.

ಸಗಣಿಯ ಪಕ್ಕ ಕುಕ್ಕರುಗಾಲಲ್ಲಿ ಕೂತಿದ್ದವರು ರಾಯರ ತಂಗಿ ಯಮುನಾಬಾಯಿ. ಬೋಳಿಸಿದ ತಲೆಯ ಮೇಲೆ ಕೆಂಪು ಸೀರೆಯ ಸೆರಗು, ಬಾಯಿ ತುಂಬ ಉಳ್ಳಾಗಡ್ಡಿ ಭಜಿ.

"ಬಾಯಾರ… ಅಣ್ಣಗ ಹೇಳಬ್ಯಾಡ್ರಿ!" ಮುದುಕಿ ಪೊಟ್ಟಣವನ್ನು ಸೆರಗಿನಡಿ ಮುಚ್ಚಿಕೊಂಡರು.

ಶ್ರೀಪಾದನ ತಲೆ ತಗ್ಗಿತು. "ಗಂಡ ಸತ್ತಾಗಿಂದ ಒಪ್ಪತ್ತು ಊಟ. ಹಸಿವಿ ಅಂದ್ರ ಈ ಮನ್ಯಾಗ ಪಾಪ. ಸಣ್ಣಾಂವಿದ್ದಾಗ ಅತ್ಯಾ ನನಗ ಪಾತಾಳದ ಕಥಿ ಹೇಳ್ತಿದ್ಲು. ಇಬ್ಬರೂ ಕೂಡಿ ಅಲ್ಲೀ ಭಾಷಾ ಕಟ್ಟಿದ್ವಿ. ಎಲ್ಲಾರ ಎದುರಿಗೇ ಏನು ಬೇಕಂತ ಕೇಳ್ತೀನಿ, ಅಕಿ ಹೇಳ್ತಾಳ. ಅಪ್ಪಗ ತಿಳೀಬಾರದಂತ ದಿನಾ ಅರ್ಥ ಬದಲಿ."

"ಮತ್ತ ನಾ ಬಂದ ದಿನ ಏನಂದ್ರಿ?"

"ಹೊಸಾ ಬಾಯಾರಿಗೆ ಚಹಾ ಇಡ್ತಾರ, ನಿನಗೂ ಒಂದು ಗುಟುಕು ತರ್ತೀನಿ… ಅಂತ."

ಹಸಿದ ಜೀವವೊಂದು ಕದ್ದು ನುಂಗುವುದನ್ನು ಕಂಡು ಯಾವ ದೇವರು ತೃಪ್ತನಾದಾನು? ಈ ಮನೆಯ ಮಡಿಯೇ ವಿಮಲಾಬಾಯಿಗೆ ಈಗ ಹೊಲಸೆನಿಸಿತು.

"ನನ್ನ ಕಂಡ್ರ ಇನ್ನೂ ಹೇಸಿಗಿ ಆಗ್ತದೇನ್ರಿ?" ಎಂದ ಶ್ರೀಪಾದ.

"ಆಗ್ತದ್ರೀ! ಇಷ್ಟು ವರ್ಷ ದನದ ಮಗ್ಗಲಾಗ ಕೂಡಿಸಿ ತಿನಿಸಿದ್ರಿ. ಒಂದಿನಾರ ಅಪ್ಪನ ಎದುರಿಗೆ ಬಾಯಿ ಬಿಟ್ರೇನು?"

"ಧೈರ್ಯ ಆಗ್ಲಿಲ್ಲ…"

"ಈಗ ಬಿಡ್ರಿ. ನಾನೂ ಬರ್ತೀನಿ."

ಪಡಸಾಲೆಯಲ್ಲಿ ಫಲಾರಕ್ಕೆ ಅವಲಕ್ಕಿ ಬಡಿಸಿತ್ತು. ಜಪಮಾಲೆ ಹಿಡಿದ ರಾಯರು ಕೇಳಿದರು: "ಏನ್ವಾ, ಮನಸ್ಸಿಗೆ ಬಂತೇನು?"

ಅವಳು ಶ್ರೀಪಾದನ ಕಡೆ ನೋಡಿದಳು. ಅವನು ಒಳಬಾಗಿಲಿಗೆ ಮುಖ ಮಾಡಿದ. ಬಾಯಿ ತೆರೆದ, ಊರಿಗೆಲ್ಲ ತಿಳಿಯುವ ಕನ್ನಡದಲ್ಲಿ.

"ಅತ್ಯಾ, ಹಸಿವಿ ಆಗೇದೇನು?"

ರಾಯರ ಬೆರಳು ತುಳಸಿಮಣಿಯ ಮೇಲೆ ನಿಂತಿತು.

ಬಾಗಿಲ ಮರೆಯಿಂದ ಸಣ್ಣ ದನಿ ಬಂತು: "ಹೂಂನಪಾ… ಭಾಳ."

ರಾಯರು ಎದ್ದು ದೇವರ ಕೋಣೆಗೆ ಹೋದರು. ಬೈಯಲಿಲ್ಲ, ತಡೆಯಲೂ ಇಲ್ಲ.

ವಿಮಲಾಬಾಯಿ ತನ್ನ ಮಗ್ಗುಲಲ್ಲಿ ಮಣೆ ಹಾಕಿದಳು. "ಬರ್ರಿ ಅತ್ಯಾ, ಕೂಡ್ರಿ."

ಶ್ರೀಪಾದ ಮೆಲ್ಲಗೆ ಬಾಗಿದ. "ಹಂಗಾರ… ಒಪ್ಪಿಗಿ?"

"ಮೊದಲ ಅವರಿಗೆ ನೀಡ್ರಿ," ಎಂದಳು ಅವಳು, ಕಣ್ಣೊರೆಸಿಕೊಳ್ಳುತ್ತ. "ನಿಮಗ ಹೇಳಲಿಕ್ಕೆ ನನಗ ಇಡೀ ಜನ್ಮ ಅದ!"