ಕಾವಿಗೆ ಕೂತ ಕೋಳಿ

ಆ ಬೆಳಿಗ್ಗೆ ಮಂಜು ಎಷ್ಟು ದಟ್ಟವಾಗಿತ್ತೆಂದರೆ ಠಾಣೆಯ ಮೆಟ್ಟಿಲ ಮೇಲೆ ನಿಂತವರಿಗೆ ಗೇಟು ಕಾಣುತ್ತಿರಲಿಲ್ಲ. ಮೊದಲು ಕೆಮ್ಮು ಕೇಳಿಸಿತು, ಆಮೇಲೆ ಸುಟ್ಟ ಮರದ ವಾಸನೆ ಬಂತು, ಕೊನೆಗೆ ಮನುಷ್ಯಾಕೃತಿ ಕಂಡಿತು. ಬಂದವರು ಊರಿಗೆಲ್ಲ ದೊಡ್ಡ ಮೇಸ್ತ್ರಿ ಎನಿಸಿಕೊಂಡ ಬಡಗಿ. ಅವರು ಕೂರಿಸಿದ ಬಾಗಿಲು ಕಿರುಗುಟ್ಟಿದ್ದನ್ನು ಕೇಳಿದವರಿಲ್ಲ ಎಂಬ ಮಾತಿತ್ತು.

ಇನ್ಸ್‌ಪೆಕ್ಟರ್ ಎದ್ದು ಕುರ್ಚಿ ಕೊಟ್ಟಳು. ಮೇಸ್ತ್ರಿ ಕೂರದೆ, ಎರಡು ಕೈಯನ್ನೂ ಶಾಲಿನೊಳಗೆ ಇಟ್ಟುಕೊಂಡೇ ದೂರು ಹೇಳಿದರು. ನಸುಕಿನಲ್ಲಿ ತಮ್ಮ ಮರಗೆಲಸದ ಕಾರ್ಖಾನೆಗೆ ಬೆಂಕಿ ಬಿದ್ದಿದೆ. ಊರ ಗ್ರಂಥಾಲಯಕ್ಕೆಂದು ಮಾಡುತ್ತಿದ್ದ ಮಹಾಬಾಗಿಲು, ಊರವರೆಲ್ಲ ಸೇರಿ ಕೊಟ್ಟ ಹಳೆಯ ತೇಗದ ಮರ, ಎಲ್ಲ ಹೋಯಿತು. ಸಂಜೆ ಬೀಗ ಹಾಕಿದ್ದು ತಾವೇ. ಕೀಲಿ ಒಂದೇ, ಅದು ಸದಾ ತಮ್ಮ ಸೊಂಟದಲ್ಲೇ ಇರುತ್ತದೆ. ಬೀಗ ಹಾಕುವ ಮೊದಲು ಕೊನೆಗೆ ಹೊರಟವನು ಮರಕ್ಕೆ ಪಾಲಿಶ್ ಮಾಡುವ ಹುಡುಗ. ಎಣ್ಣೆ ಕುಡಿದ ಬಟ್ಟೆಯನ್ನು ಗುಡ್ಡೆ ಹಾಕಿಟ್ಟರೆ ಅದು ಒಳಗೊಳಗೇ ಕಾದು ತಾನಾಗಿ ಹೊತ್ತಿಕೊಳ್ಳುತ್ತದೆಂದು ಆ ಕಸುಬಿನವರಿಗೆಲ್ಲ ಗೊತ್ತು. ಹಿಂದಿನ ದಿನ ಬೈಸಿಕೊಂಡ ಸಿಟ್ಟಿಗೆ ಅವನು ಬೇಕೆಂತಲೇ ಹಾಗೆ ಮಾಡಿದ್ದಾನೆ.

ಏಳೂ ನಲವತ್ತಕ್ಕೆ ಎಫ್‌ಐಆರ್ ದಾಖಲಾಯಿತು. ಮಂಜು ಕರಗುವ ಮೊದಲೇ ಸ್ಥಳದ ಪಂಚನಾಮೆ ಮುಗಿಯಿತು. ಬೀಗ ಹಾಕಿದಂತೆಯೇ ಇತ್ತು. ಬಾಗಿಲು ಒಡೆದದ್ದು ಬೆಂಕಿ ಆರಿಸಲು ಬಂದ ಅಕ್ಕಪಕ್ಕದವರು. ಪಾಲಿಶ್‌ನವನನ್ನು ಮನೆಯಿಂದ ಕರೆತಂದರು, ಅವನ ಅರಗಿನ ಪೆಟ್ಟಿಗೆಯನ್ನೂ ಮನೆಯಲ್ಲಿದ್ದ ಎಣ್ಣೆಬಟ್ಟೆಗಳನ್ನೂ ಜಪ್ತಿ ಮಾಡಿದರು. ಪಾಲಿಶ್ ಮಾಡುವ ಅರಗು ಇಡುವ ಆ ತಗಡಿನ ಪೆಟ್ಟಿಗೆ ಅವನ ಅಪ್ಪನಿಂದ ಬಂದದ್ದು. ಹುಡುಗ ಎಂದು ಕರೆಯುತ್ತಿದ್ದರೂ ಅವನಿಗೆ ಮೂವತ್ತು ದಾಟಿತ್ತು.

"ಬಟ್ಟೆ ಏನು ಮಾಡ್ದೆ?"

"ತಂತಿಗೆ ಹಾಕಿದ್ದೆ ಮೇಡಮ್ಮೋರೆ. ಒಂದೊಂದಾಗಿ, ಕ್ಲಿಪ್ಪು ಹಾಕಿ. ಹಾಕದೆ ಮನೆಗೆ ಹೋದ್ರೆ ನಂಗೆ ನಿದ್ದೆ ಬರಲ್ಲ."

"ಮೇಸ್ತ್ರಿಗಳು ಬೈದಿದ್ರಂತೆ."

"ದೊಡ್ಡೋರು. ಬೈತಾರೆ."

"ಯಾತಕ್ಕೆ ಬೈದ್ರು?"

ಅವನು ಕಂದುಬಣ್ಣ ಹಿಡಿದ ಉಗುರುಗಳನ್ನು ನೋಡುತ್ತ ಕೂತುಬಿಟ್ಟ. ಇನ್ಸ್‌ಪೆಕ್ಟರಿಗೆ ಆ ಮೌನ ತಪ್ಪೊಪ್ಪಿಗೆಯಂತೆ ಕಂಡಿತು.

ಅಷ್ಟರಲ್ಲಿ ಮೇಲಿನ ಸಾಹೇಬರ ಫೋನು ಬಂತು. ಊರಿನ ಮರ, ಊರಿನ ಬಾಗಿಲು, ಬೇಗ ಮುಗಿಸಿ ಎಂದರು. ಠಾಣೆಗೊಂದು ಹಳೆಯ ಚಾಳಿ ಇತ್ತು. ಬಂಧಿಸಿದೆವೆಂದು ಬರೆಯುವುದಿಲ್ಲ, ಹೋಗು ಎಂದೂ ಹೇಳುವುದಿಲ್ಲ. ವಿಚಾರಣೆಗೆಂದು ಬೆಂಚಿನ ಮೇಲೆ ಕೂರಿಸುತ್ತಾರೆ. ಅಂಥವನಿಗೆ 'ಬೆಂಚಿನ ನೆಂಟ' ಎಂದು ಪೇದೆಗಳು ಹೆಸರಿಟ್ಟಿದ್ದರು. ಬಂಧಿಸಿದವನನ್ನು ಒಂದು ದಿನದೊಳಗೆ ಮ್ಯಾಜಿಸ್ಟ್ರೇಟರ ಮುಂದೆ ನಿಲ್ಲಿಸಬೇಕು. ನೆಂಟನಿಗೆ ಆ ಕಾಯಿದೆ ಎಲ್ಲಿಯದು? ಇನ್ಸ್‌ಪೆಕ್ಟರ್ ಇದನ್ನು ಬಲ್ಲಳು. ಬಲ್ಲವಳಾಗಿಯೂ ಅವನನ್ನು ಆ ಬೆಂಚಿನ ಮೇಲೇ ಕೂರಿಸಿದಳು. ಮೂರನೆಯ ಬೆಳಗಾಯಿತು.

ಪಾಲಿಶ್‌ನವನಿಗೆ ಒಬ್ಬ ಅಕ್ಕ. ತಾಯಿ ಸತ್ತ ಮೇಲೆ ತಮ್ಮನನ್ನು ಎತ್ತಿ ಆಡಿಸಿದವಳು ಅವಳೇ; ಅಂಗಿ ಹೊಲಿಯುವ ಅಂಗಡಿಯಲ್ಲಿ ಗುಂಡಿಗೆ ಕಾಜಾ ಹಾಕುವ ಕೆಲಸ. ದಿನವೂ ಠಾಣೆಗೆ ಬಂದು, ತಮ್ಮನ ಮೇಲೆ ಕೇಸಿದೆಯೋ ಇಲ್ಲವೋ ಅಷ್ಟನ್ನಾದರೂ ಹೇಳಿ ಎಂದು ಕೇಳಿ ಹೋಗುತ್ತಿದ್ದಳು. ಆ ದಿನ ಠಾಣೆಗೆ ಬರಲಿಲ್ಲ. ವಕೀಲರನ್ನು ಹಿಡಿದು, ತಮ್ಮನನ್ನು ಸುಮ್ಮನೆ ಕೂಡಿಟ್ಟಿದ್ದಾರೆಂದು ನೇರ ಹೈಕೋರ್ಟಿಗೆ ಹೋದಳು.

ನ್ಯಾಯಮೂರ್ತಿಗಳದು ಮೆತ್ತಗಿನ ದನಿ. ಠಾಣೆಯವರನ್ನೂ ಅವನನ್ನೂ ಕರೆಸಿ, ಬಂಧನ ಎಷ್ಟು ಗಂಟೆಗೆ ಎಂದು ಕೇಳಿದರು. ಬಂಧಿಸಿಲ್ಲ ಎಂದಳು ಇನ್ಸ್‌ಪೆಕ್ಟರ್. ಹಾಗಾದರೆ ಮನೆಗೆ ಹೋಗಬಹುದಿತ್ತೇ ಎಂದರು. ಅವಳು ಕೈಯಲ್ಲಿದ್ದ ಫೈಲು ಮುಚ್ಚಿದಳು.

"ತನಿಖೆ ನಿಮ್ಮದು. ಯಾರನ್ನ ಕೇಳಬೇಕು, ಎಲ್ಲಿ ಹುಡುಕಬೇಕು ಅನ್ನೋದನ್ನ ನಾವು ಹೇಳಿಕೊಡೋದಿಲ್ಲ" ಎಂದರು ಅವರು. "ಆದರೆ ನಿಮ್ಮ ದಾರಿಗೆ ಕಾನೂನು ಎರಡು ಕಡೆ ಬೇಲಿ ಹಾಕಿದೆ. ಬೇಲಿ ದಾಟಿ ಮನುಷ್ಯನ ಮೇಲೆ ಕಾಲಿಟ್ಟರೆ ನಾವು ಬರಲೇಬೇಕಾಗ್ತದೆ."

ಪಾಲಿಶ್‌ನವನು ಅಲ್ಲಿಂದಲೇ ಅಕ್ಕನ ಜೊತೆ ಮನೆಗೆ ಹೋದ. ತನಿಖೆ ಮುಂದುವರಿಯಲಿ ಎಂದು ಆದೇಶವಾಯಿತು.

ಜೀಪಿನಲ್ಲಿ ಇನ್ಸ್‌ಪೆಕ್ಟರ್ ಕುದಿಯುತ್ತಿದ್ದಳು. ತನಿಖೆ ಮಾಡುವವರು ನಾವೋ ಅವರೋ ಎಂದು ಗೊಣಗಿದಳು. ಪಕ್ಕದಲ್ಲಿ ದಫೇದಾರ. ನಿವೃತ್ತಿಯ ಅಂಚಿಗೆ ಬಂದವನು, ಮೀಸೆಯಲ್ಲೇ ನಗುವವನು.

"ಕಾವಿಗೆ ಕೂತ ಕೋಳೀನ ಎಬ್ಬಿಸಬಾರದು ಅನ್ನೋಳು ನಮ್ಮವ್ವ" ಎಂದ. "ಆದ್ರೆ ಕೋಳಿ ತನ್ನ ಮೊಟ್ಟೆ ತಾನೇ ಕುಕ್ಕೋಕೆ ಶುರು ಮಾಡಿದ್ರೆ ಮೇಲೆ ಮುಚ್ಚಿದ ಬುಟ್ಟಿ ಎತ್ತೋಳೂ ಅವಳೇ."

"ನಾನು ಕೋಳೀನಾ?"

"ನಾವೆಲ್ಲಾ ಕೋಳಿಗಳೇ ಮೇಡಂ. ನೀವು ಸ್ವಲ್ಪ ಜಾತಿ ಕೋಳಿ."

ಅವಳಿಗೆ ನಗು ಬಂತು. ನಗುವಿನ ಹಿಂದೆಯೇ ನಾಚಿಕೆ ಬಂತು. ತಂತಿ, ಕ್ಲಿಪ್ಪು ಎಂದು ಹೇಳಿಕೆಯಲ್ಲಿ ಬರೆದುಕೊಂಡವಳೂ ಅವಳೇ, ಹೋಗಿ ನೋಡದವಳೂ ಅವಳೇ. ಕೈಯಲ್ಲೊಬ್ಬ ಮನುಷ್ಯ ಸಿಕ್ಕಿದ್ದರಿಂದ ಕಣ್ಣಿಗೆ ಕೆಲಸವೇ ಇಲ್ಲವಾಗಿತ್ತು. ಜೀಪನ್ನು ಕಾರ್ಖಾನೆಯ ಕಡೆ ತಿರುಗಿಸಲು ಹೇಳಿದಳು.

ಎರಡನೆಯ ಪಂಚನಾಮೆ ಸಂಜೆಯವರೆಗೆ ನಡೆಯಿತು. ಹಿಂಗೋಡೆಯ ಬುಡದ ಬೂದಿ ಕೆದಕಿದಾಗ ತಂತಿ ಸಿಕ್ಕಿತು. ತಂತಿಯುದ್ದಕ್ಕೂ ಕಬ್ಬಿಣದ ಕ್ಲಿಪ್ಪುಗಳು, ಗೇಣು ಗೇಣಿಗೆ ಒಂದರಂತೆ. ಪ್ರತಿಯೊಂದರ ಬಾಯಲ್ಲೂ ಕರಕಾದ ಬಟ್ಟೆಯ ಚೂರು ಕಚ್ಚಿಕೊಂಡಿತ್ತು. ಪಾಲಿಶ್‌ನವನು ಹೇಳಿದ್ದು ಅಕ್ಷರಶಃ ನಿಜ. ಬೆಂಕಿ ಪರೀಕ್ಷೆಯವರು ತೋರಿಸಿದ ಜಾಗವೂ ಬೇರೆ: ಉರಿ ಹುಟ್ಟಿದ್ದು ಕೋಣೆಯ ನಡುವೆ, ಮಹಾಬಾಗಿಲ ಚೌಕಟ್ಟಿನ ಕಾಲಬುಡದಲ್ಲಿ, ಯಾರೋ ಟರ್ಪೆಂಟೈನ್ ಎಣ್ಣೆ ಸುರಿದ ಕಡೆ.

ಬಟ್ಟೆ ತಾನಾಗಿ ಹೊತ್ತಿಕೊಂಡಿಲ್ಲವೆಂದರೆ ಒಳಗೆ ಬಂದೇ ಹಚ್ಚಬೇಕು. ಬೀಗ ಮುರಿದಿಲ್ಲ. ಕೀಲಿ ಒಂದೇ, ಅದು ಯಾರ ಸೊಂಟದಲ್ಲಿತ್ತೆಂದು ದೂರಿನಲ್ಲೇ ಇದೆ.

ಆದರೆ ಏಕೆ? ತೇಗ ಜಗ್ಗದ ಮರ. ಚೌಕಟ್ಟಿನ ಎರಡು ನಿಲುಗಂಬಗಳು ಮೇಲೆಲ್ಲ ಇದ್ದಲಾಗಿದ್ದರೂ ಒಳಗೆ ಗಟ್ಟಿಯಾಗಿದ್ದವು. ಅಳತೆ ಬರೆದುಕೊಳ್ಳಲೆಂದು ಅವನ್ನು ಅಂಗಳದಲ್ಲಿ, ನಿಲ್ಲಬೇಕಾದ ರೀತಿಯಲ್ಲೇ ಅಕ್ಕಪಕ್ಕ ಮಲಗಿಸಿದರು. ಬಾಗಿಲು ಬಂದು ಕೂರುವ ಕಚ್ಚು ಒಂದರಲ್ಲಿ ಒಳಮುಖವಾಗಿತ್ತು, ಇನ್ನೊಂದರಲ್ಲಿ ಹೊರಗೆ. ದಫೇದಾರ ಎರಡನೆಯದನ್ನು ತಲೆಕೆಳಗು ಮಾಡಿಸಿದ. ಕಚ್ಚು ಸರಿಹೋಯಿತು, ಆದರೆ ಬುಡದಿಂದ ಹತ್ತಬೇಕಾದ ಕೆತ್ತನೆಯ ಬಳ್ಳಿ ತಲೆಯಿಂದ ಇಳಿಯತೊಡಗಿತು. ಎದುರುಬದುರು ಕೂತು ಮಾತಾಡಬೇಕಾದ ಅಣ್ಣತಮ್ಮಂದಿರು ಒಬ್ಬರ ಬೆನ್ನನ್ನೊಬ್ಬರು ನೋಡುತ್ತ ಕೂತ ಹಾಗಿತ್ತು. ಎರಡೂ ಎಡಗಂಬವೇ.

ಇನ್ಸ್‌ಪೆಕ್ಟರ್ ಬಹಳ ಹೊತ್ತು ಅಲ್ಲೇ ಕುಕ್ಕರಗಾಲಲ್ಲಿ ಕೂತಿದ್ದಳು. ಶಾಲಿನೊಳಗೆ ಬಚ್ಚಿಟ್ಟ ಎರಡು ಕೈಗಳು ನೆನಪಾದವು.

ಈ ಸುದ್ದಿ ಮೇಸ್ತ್ರಿಗಳ ಕಿವಿಗೆ ಬೀಳಲು ಹೊತ್ತು ಬೇಕಾಗಲಿಲ್ಲ. ಅವರೂ ಅದೇ ಕೋರ್ಟಿಗೆ ಹೋದರು. ದೂರು ಕೊಟ್ಟವನನ್ನೇ ಆರೋಪಿಯನ್ನಾಗಿ ಮಾಡುತ್ತಿದ್ದಾರೆ, ಕೋರ್ಟಿನಲ್ಲಿ ಛೀಮಾರಿ ಹಾಕಿಸಿಕೊಂಡ ಹಗೆಗೆ ಪೊಲೀಸರು ಹೀಗೆ ಮಾಡುತ್ತಿದ್ದಾರೆ, ತನಿಖೆಗೆ ತಡೆ ಕೊಡಿ ಎಂದು ಅರ್ಜಿ. ತಡೆ ಸಿಕ್ಕಿದ್ದರೆ ಕಂಬಗಳು ಬಿಸಿಲು ಮಳೆಗೆ ಬಿದ್ದಿರುತ್ತಿದ್ದವು, ಊರಿನ ಬಾಯಲ್ಲಿ ಪಾಲಿಶ್‌ನವನು ಕೊನೆಯವರೆಗೂ ಬೆಂಕಿ ಇಟ್ಟವನೇ ಆಗಿರುತ್ತಿದ್ದ. ಆಗಲೇ ಅವನಿಗೆ ಯಾರೂ ಕೆಲಸ ಕೊಡುತ್ತಿರಲಿಲ್ಲ.

ಅದೇ ನ್ಯಾಯಮೂರ್ತಿ, ಅದೇ ಮೆತ್ತಗಿನ ದನಿ. ತನಿಖೆಯ ಡೈರಿ ತರಿಸಿ, ಯಾರಿಗೂ ಓದಿ ಹೇಳದೆ ತಾವೇ ಹಾಳೆ ತಿರುವಿದರು. ಈ ಸಲ ಬರೆದದ್ದೆಲ್ಲ ಗಂಟೆಗೆ ಸರಿಯಾಗಿತ್ತು.

"ಅಪರಾಧ ನಡೆದಿದೆ ಅಂತ ನಿಮ್ಮ ಕಕ್ಷಿದಾರರೇ ದೂರು ಕೊಟ್ಟಿದ್ದಾರೆ" ಎಂದರು ವಕೀಲರಿಗೆ. "ಹಗೆ ಇದ್ದರೆ ತೋರಿಸಿ, ನಿಲ್ಲಿಸ್ತೇನೆ. ಅನುಮಾನ ತನ್ನ ಕಡೆ ತಿರುಗಿತು ಅನ್ನೋದಷ್ಟೇ ಆದರೆ ನಿಲ್ಲಿಸೋದಿಲ್ಲ. ನೋಟಿಸು ಕೊಟ್ಟು ಕರೆಯಲಿ. ವಯಸ್ಸಾದವರು, ಹಗಲಲ್ಲೇ ಕೇಳಲಿ."

ಅರ್ಜಿ ವಜಾ ಆಯಿತು. ದಫೇದಾರ ಹೊರಗೆ ಬಂದು, ಈ ಸಲ ಅವ್ವ ಬುಟ್ಟಿ ಎತ್ತಲಿಲ್ಲ ಎಂದಷ್ಟೇ ಹೇಳಿದ.

ನೋಟಿಸಿನಂತೆ ಮೇಸ್ತ್ರಿ ಹಗಲಲ್ಲೇ ಬಂದರು. ವಕೀಲರು ಹೊರಗೆ ಕೂತರು. ಇನ್ಸ್‌ಪೆಕ್ಟರ್ ಅವರನ್ನು ಬೆಂಚಿನ ಮೇಲೆ ಕೂರಿಸಲಿಲ್ಲ. ಠಾಣೆಯ ಹಿಂದಿನ ಅಂಗಳಕ್ಕೆ ಕರೆದೊಯ್ದಳು. ಚೀಟಿ ಅಂಟಿಸಿದ ಎರಡು ಕಂಬಗಳು ಅಲ್ಲಿ ಅಕ್ಕಪಕ್ಕ ಮಲಗಿದ್ದವು. ಮೇಸ್ತ್ರಿ ನೋಡಿದರು. ಶಾಲಿನಿಂದ ಬಲಗೈ ತಾನಾಗಿ ಹೊರಬಂತು, ಕಚ್ಚಿನ ಅಂಚನ್ನು ಸವರಿತು. ಕೈ ಎಲೆಯಂತೆ ನಡುಗುತ್ತಿತ್ತು.

"ಇದನ್ನ ಬೇರೆ ಯಾರು ನೋಡಿದ್ರು ಮೇಸ್ತ್ರಿಗಳೇ?"

"ಅವನೊಬ್ಬ. 'ಯಜಮಾನ್ರೇ, ಎರಡೂ ಒಂದೇ ಕಡೆ ಆಗಿದ್ಯಲ್ಲ' ಅಂದ. ಮೆತ್ತಗೇ ಅಂದ. ಬೈದು ಬಾಯಿ ಮುಚ್ಚಿಸ್ದೆ." ಅವರು ಕೈಯನ್ನು ಮತ್ತೆ ಶಾಲಿನೊಳಗೆ ಎಳೆದುಕೊಂಡರು. "ಬೆಳಗಾದ್ರೆ ಊರಿಗೆಲ್ಲ ಹೇಳ್ತಾನೆ ಅಂತ... ಅವನು ನಿಮಗೆ ಮೊದಲ ದಿನವೇ ಹೇಳಿರಬೇಕು ತಾಯಿ."

"ಇಲ್ಲ. ಮೂರು ದಿನ ಇಲ್ಲೇ ಕೂತಿದ್ದ. ಯಾತಕ್ಕೆ ಬೈದ್ರು ಅಂತ ಎಷ್ಟು ಕೇಳಿದ್ರೂ ಬಾಯಿ ಬಿಡಲಿಲ್ಲ."

ಮೇಸ್ತ್ರಿ ಕಂಬದ ಮೇಲೆಯೇ ಕೂತರು. ಆಗಲೂ ಸುಟ್ಟ ಬಳ್ಳಿಯನ್ನು ತುಳಿಯದಂತೆ ಕಾಲು ಸರಿಸಿಕೊಂಡರು.

ಮಧ್ಯಾಹ್ನ ಎರಡೂ ಹತ್ತಕ್ಕೆ ಬಂಧನ. ಸಮಯ ಬರೆದು, ಅವರ ಮಗಳಿಗೆ ತಿಳಿಸಿ, ಸಂಜೆಯೊಳಗೆ ಮ್ಯಾಜಿಸ್ಟ್ರೇಟರ ಮುಂದೆ ನಿಲ್ಲಿಸಿದರು. ಕೈನಡುಕ ಶುರುವಾಗಿ ಎರಡು ವರ್ಷವಾಗಿತ್ತಂತೆ, ಈಚೆಗೆ ಎಡಬಲದ ಲೆಕ್ಕವೂ ತಪ್ಪುತ್ತಿತ್ತಂತೆ. ಕೈ ಸೋತಿದ್ದನ್ನು ದೇವರ ಮುಂದಾದರೂ ಒಪ್ಪಿಕೊಳ್ಳಬಹುದಿತ್ತು. ಊರಿನ ಮುಂದೆ ಆಗಲಿಲ್ಲ. ಮರಕ್ಕಿಂತ ಹೆಸರು ಬೇಗ ಹೊತ್ತಿಕೊಳ್ಳುತ್ತದೆಂದು ಅವರಿಗೆ ಭಯವಿತ್ತು.

ಜಪ್ತಿ ಬಿಡುಗಡೆಯ ಆದೇಶ ಕೈಸೇರಿದ ದಿನ ಇನ್ಸ್‌ಪೆಕ್ಟರ್ ಪೇದೆಯನ್ನು ಕಳಿಸಲಿಲ್ಲ. ಅರಗಿನ ಪೆಟ್ಟಿಗೆಯನ್ನು ತಾನೇ ಹೊತ್ತು ಅಕ್ಕತಮ್ಮನ ಮನೆಗೆ ಹೋದಳು. ಅಕ್ಕ ಬಾಗಿಲಲ್ಲೇ ನಿಂತಳು; ಒಳಗೆ ಬಾ ಎನ್ನಲಿಲ್ಲ, ಹೋಗು ಎಂದೂ ಅನ್ನಲಿಲ್ಲ. ಪಾಲಿಶ್‌ನವನು ಪೆಟ್ಟಿಗೆ ತೆರೆದ. ಜಪ್ತಿ ಮಾಡಿದವರು ಎಣ್ಣೆಬಟ್ಟೆಯನ್ನೆಲ್ಲ ಮುದ್ದೆ ಮಾಡಿ ಒಳಗೆ ತುರುಕಿದ್ದರು.

"ಪುಣ್ಯಕ್ಕೆ ನಮ್ಮ ಠಾಣೆ ಉಳೀತು" ಎಂದ, ಅವಳ ಜೊತೆ ಬಂದು ಹಿಂದೆ ನಿಂತಿದ್ದ ದಫೇದಾರ.

ಯಾರೂ ನಗಲಿಲ್ಲ. ಪಾಲಿಶ್‌ನವನು ಬಟ್ಟೆಗಳನ್ನು ಒಂದೊಂದಾಗಿ ಬಿಡಿಸಿ ಅಂಗಳದ ತಂತಿಗೆ ಹಾಕತೊಡಗಿದ. ಒಂದಕ್ಕೊಂದು ತಾಗದಂತೆ, ನಡುವೆ ಗೇಣು ಬಿಟ್ಟು. ಇನ್ಸ್‌ಪೆಕ್ಟರ್ ಟೋಪಿ ತೆಗೆದು ಪಕ್ಕಕ್ಕಿಟ್ಟಳು. ಬಗ್ಗಿ, ಪೆಟ್ಟಿಗೆಯ ತಳದಲ್ಲಿದ್ದ ಕೊನೆಯ ಬಟ್ಟೆಯನ್ನು ಎತ್ತಿ, ಮುದುರು ಬಿಡಿಸಿ, ಎರಡು ಕೈಯಲ್ಲೂ ಹಿಡಿದು ಅವನಿಗೆ ಕೊಟ್ಟಳು.